ಚರಗ ಚೆಲ್ಲಿದವರ ಹೊಲ

ಬಿಳೂರ, ತಾಲೂಕು ಜತ್ತ
೭ ಸೆಪ್ಟೆಂಬರ್ ೨೦೨೫, ರವಿವಾರ

ಪ್ರೀತಿಯ ಮಗಳು ಸೋನಾಲಿಗೆ, ನಿನ್ನ ಅವ್ವ ಸಾವಿತ್ರೆವ್ವ ತಲೆಯ ಮೇಲೆ ಕೈಯಿಟ್ಟು ಮಾಡುವ ಆಶೀರ್ವಾದ.

ಮೊದಲು ಕೂಸಿನ ಸುದ್ದಿ ಹೇಳು. ಕೆಮ್ಮು ಹೋಯಿತೇ? ನೀನು ಮಿರಜಿನಲ್ಲಿ ನರ್ಸಿಂಗ್ ಕಲಿತವಳು, ನಿನಗೆ ನಾನು ಹೇಳಿಕೊಡುವುದೇನಿದೆ, ಆದರೂ ಎದೆಗೆ ಬೆಚ್ಚಗಿನ ಕುಸುಬಿ ಎಣ್ಣೆ ತಿಕ್ಕು. ಎರಡು ವರ್ಷದ ಕೂಸಿಗೆ ಅಷ್ಟಾದರೂ ಮಾಡಬೇಕು. ನೀನು ಹೊಟ್ಟೆತುಂಬ ಉಣ್ಣುತ್ತಿದ್ದೀಯೋ ಇಲ್ಲವೋ? ಯುಗಾದಿಗೆ ಬಂದಾಗ ನಿನ್ನ ಕೈಬಳೆ ಮೊಣಕೈವರೆಗೆ ಜಾರುತ್ತಿತ್ತು, ಅದು ಇನ್ನೂ ನನ್ನ ಕಣ್ಣಿಗೆ ಕಟ್ಟಿದ ಹಾಗಿದೆ. ಈ ಕಾಗದ ತಂದುಕೊಡುವವಳು ನಮ್ಮೂರ ಬಳೆಗಾರ್ತಿ ಭಾಗವ್ವ. ಉಮದಿ ಸಂತೆಗೆ ಬರುವಾಗ ನಿಮ್ಮ ಮನೆಗೂ ಹೋಗಿ ನಿನಗೆ ಬಳೆ ಇಡಿಸಿ, ಈಗ ಯಾವ ಅಳತೆಯ ಬಳೆ ಹಿಡಿಯಿತು ಎಂದು ಬಂದು ಹೇಳು ಎಂದಿದ್ದೇನೆ. ನೀನು ಬೇಕಾದರೆ ಚಲೋ ಇದ್ದೀನಿ ಅಂತ ಹೇಳಿ ಕಳಿಸು, ಬಳೆ ಸುಳ್ಳು ಹೇಳುವುದಿಲ್ಲ. ನಾನು ಗಟ್ಟಿಯಾಗಿದ್ದೇನೆ. ಮೊಣಕಾಲು ಮಾತ್ರ ಜತ್ತಿನ ಕೋರ್ಟಿನ ಮೆಟ್ಟಿಲು ಹತ್ತಿ ಇಳಿದು ಮುನಿಸಿಕೊಂಡಿದೆ. ಅಳಿಯ ಶಂಕರಲಿಂಗನಿಗೂ ಆಶೀರ್ವಾದ ತಿಳಿಸು ಎಂದು ಬರೆಯುವುದು ಪದ್ಧತಿ, ಆದರೆ ತಿಳಿಸಬೇಡ. ಈ ಕಾಗದ ಬಂದದ್ದು ಅವನಿಗೆ ಗೊತ್ತಾಗುವುದು ಬೇಡ.

ಫೋನ್ ಇರುವಾಗ ಅವ್ವ ಕಾಗದ ಯಾಕೆ ಬರೆದಳು ಎಂದು ನೀನು ಕೇಳುವುದಿಲ್ಲ, ನಿನಗೇ ಗೊತ್ತು. ಹೋದ ತಿಂಗಳು ನಾನು ಫೋನ್ ಮಾಡಿದಾಗ ನೀನು ಬರೀ ಹೂಂ, ಹೂಂ ಎನ್ನುತ್ತಿದ್ದೆ. ನಡುವೆ ಯಾರೋ ಗಂಡಸು ಕೆಮ್ಮಿದ. ಆ ಕೆಮ್ಮು ನನಗೆ ಗೊತ್ತಿಲ್ಲವೇ? ನಿನ್ನ ಮಾವ ನನ್ನ ತಮ್ಮ, ಹುಟ್ಟಿದಾಗಿನಿಂದ ಅವನ ಕೆಮ್ಮು ಕೇಳಿದವಳು ನಾನು. ಮಗನ ಮನೆಗೆ ಬಂದು, ಸ್ಪೀಕರ್ ಹಚ್ಚಿಸಿ, ಅಕ್ಕ ಏನು ಮಾತಾಡುತ್ತಾಳೆ ಎಂದು ಕೇಳುತ್ತ ಕುಳಿತಿದ್ದಾನೆ, ದೊಡ್ಡ ಮನುಷ್ಯ. ಅದಕ್ಕೆ ಆ ದಿನ ಕೂಸಿನ ಹಲ್ಲಿನ ಮಾತಷ್ಟೇ ಆಡಿ ಇಟ್ಟುಬಿಟ್ಟೆ. ಈ ಕಾಗದವನ್ನು ಓದಿ ಒಲೆಗೆ ಹಾಕು. ನಿಮ್ಮ ಮನೆಯಲ್ಲಿ ಗ್ಯಾಸ್ ಇದೆ ಎನ್ನಬೇಡ, ನೀರು ಕಾಯಿಸುವ ಒಲೆ ಹಿತ್ತಲಲ್ಲಿದೆ, ನಾನು ನೋಡಿದ್ದೇನೆ.

ಪಂಚಮಿಗೆ ನಿನ್ನನ್ನು ಕರೆಯಲು ಬರಲಿಲ್ಲವೆಂದು ನೀನು ಅತ್ತಿರಬೇಕು. ಯಾರನ್ನು ಕಳಿಸಲಿ ಮಗಳೇ? ಅಣ್ಣ ತಮ್ಮ ನಿನಗಿಲ್ಲ, ಅಪ್ಪ ಹೋದ. ನಾನೇ ಬರೋಣವೆಂದರೆ ಕೋರ್ಟಿನಲ್ಲಿ ಎದುರು ನಿಂತವರ ಹೊಸ್ತಿಲು ಹೇಗೆ ತುಳಿಯಲಿ? ಇನ್ನೊಂದು ಮಾತು ಹೇಳುತ್ತೇನೆ, ನಗಬೇಡ. ಪಂಚಮಿಯ ದಿನ ನಿನ್ನ ಮಾವ ಮಲಕಾಜಪ್ಪ ಎಂದಿನಂತೆ ಉಂಡಿಯ ಬುಟ್ಟಿ ಕಳಿಸಿದ. ಶೇಂಗಾ ಉಂಡಿ, ಎಳ್ಳುಂಡಿ, ಬೇಸನ್ ಉಂಡಿ, ಮೇಲೊಂದು ಖಣ. ಅಕ್ಕನ ಹೊಲ ಬೇಕು, ಅಕ್ಕನಿಗೆ ತವರು ಇಲ್ಲದ ಹಾಗೂ ಆಗಬಾರದು. ಬುಟ್ಟಿಯನ್ನು ಬೀದಿಗೆ ಎಸೆಯಬೇಕೆಂದು ಎದ್ದೆ, ಎದ್ದವಳು ಒಂದು ಎಳ್ಳುಂಡಿ ತಿಂದೆ. ನಮ್ಮ ಅವ್ವ ಹಾಕುತ್ತಿದ್ದ ಹಾಗೆಯೇ ಏಲಕ್ಕಿ ಜಾಸ್ತಿ ಬಿದ್ದಿತ್ತು. ತಿಂದು ಅತ್ತೆ. ಆಮೇಲೆ ನನ್ನನ್ನು ಚಿಕ್ಕಮ್ಮನ ಹಾಗೆ ಮಾವಶಿ ಎನ್ನುವ ನಮ್ಮ ವಕೀಲರಿಗೆ ಹೇಳಿದರೆ ಅವರು ತಲೆಯ ಮೇಲೆ ಕೈಹೊತ್ತು ಕುಳಿತರು. "ಮಾವಶಿ, ಯಾರ ಮ್ಯಾಲ ದಾವಾ ಹಾಕೀವಿ, ಅವರ ಮನಿ ಉಂಡಿ ತಿಂತಾರೇನ್ರಿ? ನಾಳೆ ಅದನ್ನೂ ಕೋರ್ಟನ್ಯಾಗ ಹೇಳತಾರ." ಹೇಳಲಿ. ಉಂಡಿ ತಿಂದದ್ದು ನಿಜ.

ಈಗ ಹೊಲದ ಮಾತು. ನಿನಗೆ ಗೊತ್ತಿರುವುದನ್ನೂ ಮೊದಲಿನಿಂದ ಬರೆಯುತ್ತೇನೆ, ಯಾಕೆಂದರೆ ಆ ಮನೆಯಲ್ಲಿ ನಿನಗೆ ಬೇರೆ ಕಥೆ ಹೇಳಿರುತ್ತಾರೆ. ಇಪ್ಪತ್ತೊಂಬತ್ತು ವರ್ಷದ ಹಿಂದೆ ನಮ್ಮ ಅಪ್ಪನ ಸೊಂಟ ಬಿತ್ತು. ಮಲಕಾಜಪ್ಪ ಆಗ ಇನ್ನೂ ಮೀಸೆ ತಿರುವುತ್ತ ತಿರುಗುವ ಹುಡುಗ. ಒಕ್ಕಲುತನಕ್ಕೆ ಗಟ್ಟಿ ಕೈ ಬೇಕೆಂದು ಸನಮಡಿಯಿಂದ ನಿಮ್ಮ ಅಪ್ಪನನ್ನು ಮನೆಅಳಿಯನನ್ನಾಗಿ ತಂದರು. ಎಂಟು ಎಕರೆಯ ನಡುವೆ ನಮ್ಮ ಅಪ್ಪನೇ ನಿಂತು ಬದು ಹಾಕಿಸಿದ. ಬದುವಿನ ಆಚೆಯ ನಾಲ್ಕು ಮಗನಿಗೆ, ಈಚೆಯ ಬನ್ನಿಮರದ ನಾಲ್ಕು ಮಗಳಿಗೆ ಎಂದ. ಬಾಯಿಮಾತು. ಅಪ್ಪ ತೀರಿಕೊಂಡ ಮೇಲೆ ಹೊಲದ ದಾಖಲೆಯ ಉತಾರದಲ್ಲಿ ಇಬ್ಬರ ಹೆಸರೂ ಬಿದ್ದವು, ಮೊದಲು ಅವನದು, ಕೆಳಗೆ ನನ್ನದು, ಎಂಟೂ ಎಕರೆ ಒಂದೇ ಗಟ್ ನಂಬರಿನಲ್ಲಿ. ಬದು ಹೊಲದಲ್ಲಿತ್ತು, ಕಾಗದದಲ್ಲಿ ಇರಲಿಲ್ಲ. ನನ್ನ ನಾಲ್ಕು ಎಕರೆಯನ್ನು ಅಳೆಸಿ ಬೇರೆ ಮಾಡಿಸಿಕೊಳ್ಳೋಣವೆಂದು ನಾನು ಎಷ್ಟು ಸಲ ಹೇಳಿದೆ. ನಿಮ್ಮ ಅಪ್ಪ ಕೇಳಬೇಕಲ್ಲ. "ಅಕ್ಕ ತಮ್ಮನ ನಡುವ ಮೋಜಣಿ ಯಾಕ? ಊರ ಮಂದಿ ನಗತಾರ" ಎನ್ನುತ್ತಿದ್ದರು. ಮನೆಅಳಿಯ ಎನಿಸಿಕೊಂಡವರಿಗೆ ಊರ ಮಂದಿಯ ಹೆದರಿಕೆ ಸ್ವಲ್ಪ ಜಾಸ್ತಿಯೇ ಇರುತ್ತದೆ.

ಹೋದ ವರ್ಷ ಕಾರ್ತಿಕದಲ್ಲಿ ಅವರು ಹೋದರು. ಈ ಬೇಸಿಗೆಯಲ್ಲಿ ಸೋಲಾರದವರು ಬಂದರು. ಹೊಲದಲ್ಲಿ ಸಾಲಾಗಿ ಕನ್ನಡಿ ನಿಲ್ಲಿಸುತ್ತಾರಂತೆ, ಮೂವತ್ತು ವರ್ಷದ ಕರಾರಂತೆ, ಆದರೆ ಎಂಟು ಎಕರೆ ಒಂದೇ ತುಂಡಾಗಿ ಬೇಕಂತೆ. ನನ್ನ ತಮ್ಮ ಬಂದು ನೆಟ್ಟಗೆ ಕೇಳಿದ್ದರೆ ನಾನು ಬೈಯುತ್ತಿದ್ದೆ, ಜಗಳವಾಡುತ್ತಿದ್ದೆ, ಆದರೆ ಮಾತಾದರೂ ಆಗುತ್ತಿತ್ತು. ಅವನು ಕೇಳಲಿಲ್ಲ. ಮೇ ತಿಂಗಳ ಒಂದು ಬೆಳಿಗ್ಗೆ ಟ್ರ್ಯಾಕ್ಟರು ಬದು ಹತ್ತಿ ಈಚೆ ಇಳಿಯಿತು. ನಾನು ಓಡಿಹೋಗಿ ಎದುರು ನಿಂತೆ. ಇವನು ಬದುವಿನ ಮೇಲೆ ಕುಳಿತು, ಒಂದಿಷ್ಟೂ ದನಿ ಏರಿಸದೆ, "ಅಕ್ಕಾ, ಬಿಸಲಾಗ ಯಾಕ ನಿಂತಿ, ಮನಿಗಿ ನಡಿ. ಹೆಸರಷ್ಟ ನಿಂದು. ಎರಡು ವರ್ಷಾತು, ಹೊಲ ನಾನ ಮಾಡಾಕತ್ತೀನಿ" ಎಂದ. ನಾನು ಕದಲಲಿಲ್ಲ. ಟ್ರ್ಯಾಕ್ಟರಿನವನು ನನ್ನ ಸುತ್ತ ಒಂದು ಸುತ್ತು ಬಿಟ್ಟು ಉಳಿದದ್ದನ್ನೆಲ್ಲ ಹೊಡೆದುಕೊಂಡು ಹೋದ. ನಾಲ್ಕು ಎಕರೆಯಲ್ಲಿ ನಾನು ನಿಂತ ಜಾಗವಷ್ಟೇ ನೇಗಿಲು ಮುಟ್ಟದೆ ಉಳಿಯಿತು. ಮರುದಿನವೇ ಜತ್ತಿಗೆ ಹೋದೆ. ನಮ್ಮ ವಕೀಲರು ಹೆಂಗಸು, ವಿದ್ಯಾವತಿ ಎಂದು ಹೆಸರು, ನಿನಗಿಂತ ನಾಲ್ಕಾರು ವರ್ಷ ದೊಡ್ಡವರು. ಕೋರ್ಟಿಗೆ ಮರಾಠಿಯಲ್ಲಿ ಬರೆಯುತ್ತಾರೆ, ನನ್ನ ಜೊತೆ ಕನ್ನಡದಲ್ಲಿ ಬೈಯುತ್ತಾರೆ. ಅವನು ನನ್ನ ಹೊಲಕ್ಕೆ ಕಾಲಿಡದಂತೆ ಮನಾಯಿ ಹುಕುಂ ಕೊಡಿ ಎಂದು ಜೂನಿನಲ್ಲಿ ದಾವೆ ಹಾಕಿದೆವು.

ಹೆಸರಿದ್ದರೆ ಸಾಕು ಎಂದು ನಾನು ತಿಳಿದಿದ್ದೆ. ಸಾಲದಂತೆ. "ಮಾವಶಿ, ಉತಾರದಾಗ ಅವರ ಹೆಸರೂ ಐತಿ, ನಿಮ್ಮ ಹೆಸರೂ ಐತಿ. ಸಾಹೇಬರು ಕೇಳೂದು ಬ್ಯಾರೆ. ಬದುವಿನ ಈಚೆ ಉತ್ತಿ ಬಿತ್ತಿ ಉಣ್ಣಾವರು ಯಾರು, ದಾವಾ ಹಾಕಿದ ದಿನ ಹೊಲ ಯಾರ ಕೈಯಾಗಿತ್ತು, ಅದನ್ನ ತೋರಸ್ರಿ. ಕಬ್ಜಾ ತೋರಸಲಿಲ್ಲಂದ್ರ ಮನಾಯಿ ಸಿಗಂಗಿಲ್ಲ." ಇಪ್ಪತ್ತೊಂಬತ್ತು ವರ್ಷ ಉಂಡ ಹೊಲವನ್ನು ತೋರಿಸು ಎಂದರೆ ಏನು ತೋರಿಸಲಿ? ಅಂಗೈ ತೋರಿಸಿದೆ. ಅವರು ಪಾಪ ನಕ್ಕರು, ಇದನ್ನ ಫೈಲಿಗೆ ಹಚ್ಚಾಕ ಬರಂಗಿಲ್ರಿ ಎಂದರು.

ಆಮೇಲೆ ಒಂದೊಂದೇ ಕಾಗದ ಹುಡುಕಿದೆವು. ಒಂದೊಂದೂ ನಮ್ಮ ಕೈಯಿಂದಲೇ ನಾವು ಕಳೆದುಕೊಂಡದ್ದು. ಯಾವ ಹೊಲದಲ್ಲಿ ಯಾವ ಪೀಕು ಎಂದು ಈಗ ಫೋನಿನಲ್ಲೇ ಹಾಕಬೇಕಲ್ಲ, ಆ ಪೀಕ ಪಹಣಿಯನ್ನು ನಿನ್ನ ಗಂಡ ನಾಲ್ಕು ವರ್ಷದಿಂದ ಎಂಟೂ ಎಕರೆಗೆ ತಾನೇ ಹಾಕಿದ್ದಾನೆ, ತನ್ನ ಅಪ್ಪನ ಹೆಸರಿನ ಮೇಲೆ. ಕದ್ದು ಹಾಕಲಿಲ್ಲ. "ಮಾವಾ, ನೀವ್ಯಾಕ ಕಣ್ಣು ಕಿಸೀತೀರಿ, ನಾ ಹಾಕತೀನಿ ಬಿಡ್ರಿ" ಎಂದು ನಿಮ್ಮ ಅಪ್ಪನ ಎದುರಿಗೇ ಹಾಕಿದ, ಇವರು ಅಳಿಯನಿಗೆ ಎಷ್ಟು ಕಾಳಜಿ ಎಂದು ಊರೆಲ್ಲ ಹೇಳಿಕೊಂಡು ಬಂದರು. ಹೊಲದ ಸಾರಾ, ಅಂದರೆ ಕಂದಾಯ, ಕಟ್ಟಿದ ಪಾವತಿಗಳೂ ಮಲಕಾಜಪ್ಪನ ಹೆಸರಿನವು, ಇಬ್ಬರದನ್ನೂ ಸೇರಿಸಿ ಅವನೇ ಕಟ್ಟಿಬರುತ್ತಿದ್ದ. ಕೊನೆಯ ಎರಡು ವರ್ಷ ನಿಮ್ಮ ಅಪ್ಪನಿಗೆ ಏಳಲು ಆಗದಿದ್ದಾಗ ಬಿತ್ತಿದವನು ಅವನು, ರಾಶಿ ಮಾಡಿದವನು ಅವನು. ಒಂದು ಕಾಳನ್ನೂ ಇಟ್ಟುಕೊಳ್ಳದೆ ಚೀಲಗಳನ್ನು ನಮ್ಮ ಪಡಸಾಲೆಯಲ್ಲಿ ತಂದಿಳಿಸಿದ. ಅದನ್ನು ನಾನು ಇಲ್ಲ ಎನ್ನಲಾರೆ. ಬೇಲಿಯೇ ಎದ್ದು ಹೊಲ ಮೇಯ್ದಿತು ಎನ್ನುತ್ತಾರಲ್ಲ, ಆದರೆ ಈ ಬೇಲಿ ಮೊದಲು ನಿಜವಾಗಿಯೂ ಕಾಯ್ದಿತ್ತು. ನನಗೆ ನಿದ್ದೆ ಬಾರದಂತೆ ಮಾಡುವುದು ಅದೇ.

ಸಾಕ್ಷಿಯಾದರೂ ಹೇಳಿಸೋಣವೆಂದರೆ ಬದುವಿಗೆ ಹತ್ತಿದ ಹೊಲದವರು, "ನಾಳೆ ಅಕ್ಕ ತಮ್ಮ ಕೂಡತೀರಿ, ನಾವು ನಡುವ ಕೆಟ್ಟವರಾಗತೀವಿ" ಎಂದು ಕೈಮುಗಿದರು. ಬರುತ್ತೇನೆ ಎಂದವನು ಒಬ್ಬನೇ, ಕುರಿಯ ಅಮೋಗಸಿದ್ದ. ಪ್ರತಿ ಬೇಸಿಗೆಯಲ್ಲಿ ಗೊಬ್ಬರಕ್ಕೆಂದು ರಾತ್ರಿ ನಮ್ಮ ಹೊಲದಲ್ಲಿ ಕುರಿ ತರುಬುತ್ತಿದ್ದವನು. ಯಾರು ಕರೆದು ತರುಬಿಸಿದರು, ಯಾರು ಊಟ ಕೊಟ್ಟರು ಎಲ್ಲ ಹೇಳುತ್ತಾನೆ. ಆದರೆ ವಕೀಲರು ಯಾವ ತಾರೀಖಿನಿಂದ ಯಾವ ತಾರೀಖು ಎಂದು ಕೇಳಿದರೆ, "ತಾರೀಖು ನನಗೇನ ಗೊತ್ತರಿ, ಆ ವರ್ಷ ಕರಿ ಟಗರು ಸತ್ತಿತ್ತು" ಎನ್ನುತ್ತಾನೆ. ಅವನ ಅಫಿಡವಿಟ್ ಮಾಡಿ ಹೆಬ್ಬೆಟ್ಟು ಒತ್ತಿಸಿದ್ದೇವೆ. ಅದರಲ್ಲಿ ಕರಿ ಟಗರನ್ನು ಬರೆದಿಲ್ಲ. ಎದುರಿನ ವಕೀಲ ನಾಲ್ಕು ಪ್ರಶ್ನೆ ಕೇಳಿದರೆ ಅವನು ಕುರಿಯ ಲೆಕ್ಕಕ್ಕೆ ಹೋಗುತ್ತಾನೆ ಎಂದು ವಿದ್ಯಾವತಿಯವರಿಗೆ ಚಿಂತೆ.

ಆಗಸ್ಟಿನಲ್ಲಿ ಮಲಕಾಜಪ್ಪನ ಕಡೆಯ ಜವಾಬು ಬಂತು. ಅದರ ಜೊತೆಗೆ ಒಂದು ಫೋಟೊ, ದೊಡ್ಡದು, ಬಣ್ಣದ್ದು. ವಕೀಲರು ನನ್ನ ಕೈಗೆ ಕೊಟ್ಟರು. ಎಳ್ಳಮಾವಾಸ್ಯೆಯ ದಿನ. ನಮ್ಮ ಬನ್ನಿಮರ, ಅದರ ಬುಡಕ್ಕೆ ಸುಣ್ಣ ಹಚ್ಚಿದ ಐದು ಕಲ್ಲು, ಎದೆಯೆತ್ತರದ ಬಿಳಿಜೋಳ. ನಡುವೆ ಮಲಕಾಜಪ್ಪ ಹೊಸ ರುಮಾಲು ಸುತ್ತಿ, ಬುಟ್ಟಿಯಿಂದ ಕಡಬು, ಭಜ್ಜಿ, ರೊಟ್ಟಿಯ ಚರಗವನ್ನು ತೆಗೆದು ಜೋಳಕ್ಕೆ ಚೆಲ್ಲುತ್ತಿದ್ದಾನೆ. ಕೆಳಗೆ ಮರಾಠಿಯಲ್ಲಿ ಬರೆದಿದ್ದಾರೆ: ಪ್ರತಿ ವರ್ಷ ಈ ಹೊಲದಲ್ಲಿ ನಾವೇ ಪೂಜೆ ಮಾಡಿ ಚರಗ ಚೆಲ್ಲುತ್ತ ಬಂದಿದ್ದೇವೆ, ಹೊಲ ಯಾರದೋ ಅವರೇ ಚರಗ ಚೆಲ್ಲುವುದು ಈ ಭಾಗದ ರೂಢಿ. ರೂಢಿ ಸುಳ್ಳಲ್ಲ. ಎಳ್ಳಮಾವಾಸ್ಯೆಗೆ ಜೋಳ ಹೊಟ್ಟೆ ತುಂಬಿದ ಬಸುರಿ, ಅವಳ ಬಯಕೆ ತೀರಿಸುವವರು ಅವಳ ಮನೆಯವರೇ. ಪರರ ಹೊಲಕ್ಕೆ ಯಾರಾದರೂ ಚರಗ ಚೆಲ್ಲುತ್ತಾರೆಯೇ? ಕೋರ್ಟಿನ ಸಾಹೇಬರೂ ಈ ಕಡೆಯವರೇ ಅಂತೆ, ಅವರಿಗೂ ಅದು ಗೊತ್ತಿರುತ್ತದೆ. ನಾನು ಫೋಟೊ ನೋಡುತ್ತ ಕುಳಿತೆ. ಕೆಳಗಿನ ಮೂಲೆಯಲ್ಲಿ, ಹಸಿ ನೆಲದ ಮೇಲೆ ಒಂದು ನೆರಳು ಬಿದ್ದಿತ್ತು. ತಲೆಯ ಮೇಲೆ ಸೆರಗು, ಎರಡೂ ಕೈ ಎತ್ತಿ ಫೋನ್ ಹಿಡಿದ ಹೆಂಗಸಿನ ನೆರಳು. ನಿನ್ನ ನೆರಳನ್ನು ನಾನು ಗುರುತಿಸಲಾರೆನೇ? ವಕೀಲರು ಏನ್ ನೋಡಾಕತ್ತೀರಿ ಎಂದರು. ಏನಿಲ್ರಿ, ಜೋಳ ಚಲೋ ಬಂದಿತ್ತು ಎಂದೆ.

ಆ ತಪ್ಪು ನನ್ನದು. ಅವರನ್ನು ಕರೆದವಳು ನಾನೇ. ನಮ್ಮಲ್ಲಿ ಸೂತಕವಿಲ್ಲ ಎಂದು ಮಠದ ಅಯ್ಯನವರು ಹೇಳುತ್ತಾರೆ, ಆದರೂ ಮನೆಯ ಯಜಮಾನ ಹೋದ ವರ್ಷ ಹಬ್ಬ ಮಾಡುವಂತಿಲ್ಲ, ಎಣ್ಣೆಯ ಬಾಣಲೆ ಒಲೆಗೆ ಏರುವಂತಿಲ್ಲ. ನಿಮ್ಮ ಅಪ್ಪ ಹೋಗಿ ಒಂದೂವರೆ ತಿಂಗಳಾಗಿತ್ತು. ನಾನು ಬಯಕೆ ತಿನ್ನದಿದ್ದರೂ ನಡೆಯುತ್ತದೆ, ಹೊಟ್ಟೆಯಲ್ಲಿ ತೆನೆ ಇಟ್ಟುಕೊಂಡು ನಿಂತವಳು ಉಪವಾಸ ಇರಬೇಕೇ? ಅದಕ್ಕೆ ತಮ್ಮನನ್ನು ಕರೆಸಿ, ಈ ವರ್ಷ ನೀವೇ ಅಡಿಗೆ ಮಾಡಿಕೊಂಡು ಹೋಗಿ ನಮ್ಮ ಹೊಲಕ್ಕೂ ಚೆಲ್ಲಿಬನ್ನಿ ಎಂದೆ. ಅವನು ಕಣ್ಣೀರು ಹಾಕಿದ. "ಹೇಳಬೇಕೇನಕ್ಕಾ" ಎಂದ. ನೀನೂ ಉಮದಿಯಿಂದ ಬಂದಿದ್ದೆ, ಅವರ ಜೊತೆ ಗಾಡಿ ಹತ್ತಿದೆ. ನಮ್ಮ ಇಪ್ಪತ್ತೊಂಬತ್ತು ವರ್ಷದಲ್ಲಿ ಒಂದು ಫೋಟೊ ಇಲ್ಲವೇ ಎಂದು ವಕೀಲರು ಕೇಳುತ್ತಾರೆ. ಎಲ್ಲಿಂದ ಬರಬೇಕು? ನಿನ್ನ ಕೈಯಲ್ಲಿ ಫೋನ್ ಬಂದ ಮೊದಲ ವರ್ಷ ನೀನು ಚರಗದ ಫೋಟೊ ತೆಗೆಯಲು ಹೋದಾಗ ನಿಮ್ಮ ಅಪ್ಪ ಹೇಗೆ ಹರಿಹಾಯ್ದರು, ನೆನಪಿದೆಯೇ? "ಬಸರಿ ಉಣ್ಣೂದನ್ನ ಯಾರಾದ್ರೂ ಫೋಟೊ ಹೊಡೀತಾರೇನು, ದೃಷ್ಟಿ ಆಗತೈತಿ, ಒಳಗಿಡು" ಎಂದರು. ನಮ್ಮ ವರ್ಷಗಳಿಗೆಲ್ಲ ದೃಷ್ಟಿ ಆಗಲಿಲ್ಲ, ಫೋಟೊನೂ ಇಲ್ಲ. ಅವರು ಇಲ್ಲದ ಒಂದೇ ವರ್ಷ ಫೋಟೊ ತೆಗೆದೆವು, ಅದು ಕೋರ್ಟಿಗೆ ಬಂತು.

ಆದರೆ ನೀನು ತೆಗೆದದ್ದು ಫೋಟೊ ಅಲ್ಲ, ವಿಡಿಯೊ. ಮನೆಯಲ್ಲಿ ಕುಳಿತ ಅವ್ವ ನೋಡಲಿ ಎಂದು ತೆಗೆದು, ಹೊಲದಿಂದಲೇ ಅಪ್ಪನ ಫೋನಿಗೆ ಕಳಿಸಿದೆ, ನನ್ನದು ಬಟನ್ ಫೋನು. ಅವರು ಕೋರ್ಟಿಗೆ ಕೊಟ್ಟದ್ದು ಅದರೊಳಗಿನ ಒಂದು ಕ್ಷಣ. ಆಮೇಲೆ ನಿನ್ನ ಗಂಡ ನಿನಗೆ ಹೊಸ ಫೋನ್ ಕೊಡಿಸಿ ಹಳೆಯದನ್ನು ತಾನಿಟ್ಟುಕೊ‌ಂಡನಲ್ಲ, ಅದು ಎಷ್ಟು ಪ್ರೀತಿ ಎಂದು ಈಗ ತಿಳಿಯುತ್ತದೆ. ಅಪ್ಪನ ಫೋನು ಅವರ ನೆನಪಿಗೆ ಬಂದಿಲ್ಲ. ಸತ್ತವರ ಫೋನಿಗೆ ಈ ಮುದುಕಿ ಇನ್ನೂ ಚಾರ್ಜ್ ಹಾಕುತ್ತಾಳೆ ಎಂದು ಯಾರು ತಿಳಿಯುತ್ತಾರೆ? ನಾನು ಹಾಕುತ್ತೇನೆ. ಆ ವಿಡಿಯೊ ಅದರಲ್ಲಿದೆ. ಎರಡು ನಿಮಿಷ ಹತ್ತು ಸೆಕೆಂಡು. ಅದರಲ್ಲಿ ಮಲಕಾಜಪ್ಪ ಹುಲ್ಲುಲ್ಲಿಗ್ಯೋ ಎಂದು ಚರಗದ ಕೂಗು ಹಾಕುತ್ತ ಹೊಲ ಸುತ್ತುತ್ತಾನೆ. ನೀನು ಹಿಂದಿನಿಂದ, "ಮಾವಾ, ಆ ಮೂಲಿಗೂ ಚೆಲ್ರಿ, ನಮ್ಮ ಅಪ್ಪ ವರ್ಷಾ ಆ ಮೂಲಿಂದನ ಸುರು ಮಾಡತಿದ್ದ" ಎನ್ನುತ್ತೀ. ಅವನು ಆ ಮೂಲೆಗೂ ಚೆಲ್ಲಿ, ನಿನ್ನ ಫೋನಿನ ಕಡೆ ತಿರುಗಿ, ಕಣ್ಣು ಒರೆಸಿಕೊಂಡು, "ಅಕ್ಕಾ, ನೋಡವಾ, ನಿನ್ನ ಹೊಲ ಉಪಾಸ ಇಡಲಿಲ್ಲ. ಬಾವಾರು ಹೆಂಗ ಚೆಲ್ಲತಿದ್ರು, ಹಂಗ ಚೆಲ್ಲೀನಿ" ಎನ್ನುತ್ತಾನೆ. ನಿನ್ನ ಹೊಲ ಎನ್ನುತ್ತಾನೆ ಮಗಳೇ, ಅವನ ಬಾಯಿಂದ, ಅಳುತ್ತ. ಆ ದಿನ ಅವನು ಸುಳ್ಳು ಹೇಳಲಿಲ್ಲ. ಐದು ತಿಂಗಳಲ್ಲಿ ಆ ಮನುಷ್ಯ ಎಲ್ಲಿ ಹೋದ ಎಂದು ನಾನು ವಿಡಿಯೊ ಹಚ್ಚಿ ಹಚ್ಚಿ ನೋಡುತ್ತೇನೆ.

ವಿದ್ಯಾವತಿಯವರಿಗೆ ಇದನ್ನು ಹೇಳಿಲ್ಲ. ಯಾರದೋ ಮಾತು ಎಂಬಂತೆ, ಒಬ್ಬರ ಹತ್ತಿರ ಇಂಥ ವಿಡಿಯೊ ಇದ್ದರೆ ಏನಾಗುತ್ತದೆ ಎಂದು ಕೇಳಿದೆ. ಅವರು ಪೆನ್ನು ಕೆಳಗಿಟ್ಟರು. "ಇದ್ರ ಕೇಸ ಮುಗದಂಗ ಮಾವಶಿ. ಆದ್ರ ತಗದವರು ಬಂದು, ಇದನ್ನ ನಾನ ತಗದೀನಿ, ನಾನ ಕಳಿಸೀನಿ ಅಂತ ಸಹಿ ಮಾಡಬೇಕು. ಇಲ್ಲಂದ್ರ ಕಂಪ್ಯೂಟರದಾಗ ಮಾಡಿದ್ದು ಅಂತ ಹಾರಸ್ತಾರ. ಯಾರ್ರಿ ತಗದವರು?" ಎಂದರು. ನಾನು ಸುಮ್ಮನೆ ಕೇಳಿದೆ ಎಂದು ಎದ್ದುಬಂದೆ. ಹೆಂಡತಿ ಗಂಡನ ಮನೆಯವರ ವಿರುದ್ಧ ಸಹಿ ಮಾಡಿದರೆ ಅವಳು ಆ ಸಂಜೆ ಯಾವ ಮನೆಗೆ ಹೋಗಬೇಕು ಎಂದು ಅವರನ್ನು ಕೇಳಲಿಲ್ಲ, ಅದು ಕಾಯ್ದೆಯ ಪ್ರಶ್ನೆ ಅಲ್ಲ. ಈ ಹದಿನೆಂಟಕ್ಕೆ ವಾದ ಇದೆ. ಉತ್ತರಿ ಮಳೆಗೆ ಹದ ಆಗುತ್ತದೆ, ಮನಾಯಿ ಸಿಗದಿದ್ದರೆ ಹತ್ತೊಂಬತ್ತಕ್ಕೆ ಅವನು ಜೋಳ ಬಿತ್ತುತ್ತಾನೆ. ಬಿತ್ತಿದ ಮೇಲೆ ಅವನದೇ ಕಬ್ಜಾ, ಮುಂದಿನ ವರ್ಷ ಕನ್ನಡಿಗಳು ಬರುತ್ತವೆ, ಮೂವತ್ತು ವರ್ಷದ ನಂತರ ಹೊಲ ತಿರುಗಿ ಕೇಳಲು ನಾನು ಇರುವುದಿಲ್ಲ. ನನ್ನ ರೊಟ್ಟಿಗೆ ಬೇರೆ ಜೋಳವಿಲ್ಲ, ನಿನಗೆ ಬಿಟ್ಟುಹೋಗಲು ಬೇರೆ ನೆಲವಿಲ್ಲ. ಇದಿಷ್ಟು ನಿಜ.

ಇನ್ನೊಂದು ನಿಜವನ್ನೂ ಬರೆದುಬಿಡುತ್ತೇನೆ, ಬಾಯಿಂದ ಹೇಳಲು ನನಗೆ ಎಂದೂ ಆಗಿಲ್ಲ. ನಾಲ್ಕು ವರ್ಷದ ಹಿಂದೆ ಮಲಕಾಜಪ್ಪ ಹೆಣ್ಣು ಕೇಳಲು ಬಂದಾಗ ನೀನು ಮಿರಜಿನಲ್ಲಿದ್ದೆ, ಕೋರ್ಸು ಮುಗಿಯಲು ಇನ್ನೊಂದು ವರ್ಷ ಇತ್ತು. "ಅಕ್ಕಾ, ಮಗಳು ನನ್ನ ಮನಿಗಿ ಬಂದ್ರ ಹೊಲಕ್ಕ ಹೊಲ ಕೂಡಿದಂಗ ಆಗತೈತಿ, ಬದುವಿನ ಚಿಂತಿ ಇರಂಗಿಲ್ಲ" ಎಂದ. ನಿಮ್ಮ ಅಪ್ಪ, ಹುಡುಗಿಯನ್ನು ಒಂದು ಮಾತು ಕೇಳೋಣ ಎಂದರು. ಸೋದರಮಾವನ ಮನೆಗೆ ಕೊಡಲು ಕೇಳುವುದೇನು ಎಂದವಳು ನಾನು. ನೀನು ರಜೆಗೆ ಬರುವಷ್ಟರಲ್ಲಿ ಎಲೆ ಅಡಿಕೆ ಹಂಚಿ ಆಗಿತ್ತು. ನೀನು ಚೀಲ ಕೆಳಗಿಟ್ಟು, ಒಳಗೆ ಹೋಗಿ, ಪುಸ್ತಕಗಳನ್ನು ಒಂದೊಂದಾಗಿ ಗೋಡೆಯ ಮಾಡದಲ್ಲಿ ಜೋಡಿಸಿದೆ. ಮಗಳು ಎಷ್ಟು ತಿಳಿವಳಿಕೆಯವಳು ಎಂದು ನಾನು ಎಲ್ಲರಿಗೂ ಹೇಳಿದೆ. ನಿನ್ನ ಸುಖ ನೋಡಿ ಕೊಟ್ಟೆ ಎಂದು ಇಷ್ಟು ದಿನ ನನಗೆ ನಾನೇ ಹೇಳಿಕೊಂಡಿದ್ದೆ. ಬದು ಕಾಯಲು ನಿನ್ನನ್ನು ಕೊಟ್ಟೆ, ಸೋನಾಲಿ. ಬದು ಹೋಯಿತು, ನೀನು ಅಲ್ಲಿ ಉಳಿದೆ. ಇದಕ್ಕೆ ನನಗೆ ಯಾವ ಕೋರ್ಟೂ ಶಿಕ್ಷೆ ಕೊಡುವುದಿಲ್ಲ, ಆದರೆ ತಪ್ಪು ಮಾಡಿದ್ದೇನೆ.

ಇದನ್ನೆಲ್ಲ ಓದಿ ಗಾಬರಿಯಾಗಬೇಡ. ಕೂಸಿಗೆ ಬಿಸಿನೀರೇ ಕುಡಿಸು. ಅತ್ತೆ ಬಂದಾಗ ಅವಳ ಎದುರು ಮುಖ ಸಪ್ಪಗೆ ಮಾಡಿಕೊಂಡು ಓಡಾಡಬೇಡ, ಅವಳಿಗೆ ಕಣ್ಣು ಚುರುಕು, ಆದರೂ ಕೆಟ್ಟವಳಲ್ಲ, ಉಂಡಿಗೆ ಏಲಕ್ಕಿ ಅವಳೇ ಹಾಕಿದ್ದು. ನನ್ನ ಚಿಂತೆ ಬಿಡು. ಅಮೋಗಸಿದ್ದ ತನ್ನ ಹೆಬ್ಬೆಟ್ಟಿನ ಮಾತಿಗೆ ನಿಲ್ಲುತ್ತಾನೆ, ವಿದ್ಯಾವತಿಯವರು ವಾದ ಮಾಡುತ್ತಾರೆ, ನಾನು ಎದುರಿಗೆ ಕುಳಿತಿರುತ್ತೇನೆ, ಆದದ್ದು ಆಗಲಿ. ನಿನಗೆ, ಕೂಸಿಗೆ ದೇವರು ಗಟ್ಟಿ ಮೈ ಕೊಡಲಿ, ನಿಮ್ಮ ಒಲೆ ಎಂದೂ ಆರದಿರಲಿ. ಕೂಸಿನ ಗಲ್ಲಕ್ಕೆ ಅಜ್ಜಿಯ ಹೆಸರು ಹೇಳಿ ಒಂದು ಮುತ್ತು ಕೊಡು.

ನಿನ್ನ ಅವ್ವ,
ಸಾವಿತ್ರೆವ್ವ ಭೀಮರಾಯ

ತಾ.ಕ.: ಭಾಗವ್ವ ಬಾಗಿಲಲ್ಲಿ ನಿಂತು ಬಸ್ಸು ತಪ್ಪುತ್ತದೆ ಎಂದು ಬೈಯುತ್ತಿದ್ದಾಳೆ, ಅಕ್ಷರ ಸೊಟ್ಟಾದರೆ ಓದಿಕೋ. ಅವಳು ಒಂದು ಸ್ಟೀಲಿನ ಡಬ್ಬಿ ಕೊಡುತ್ತಾಳೆ, ಶೇಂಗಾ ಚಟ್ನಿ. ಅದನ್ನು ನೀನೇ ತೆಗೆ, ಯಾರ ಕೈಗೂ ಕೊಡಬೇಡ. ತಳದಲ್ಲಿ ಎರಡು ಪ್ಲಾಸ್ಟಿಕ್ ಚೀಲದಲ್ಲಿ ಸುತ್ತಿ ನಿಮ್ಮ ಅಪ್ಪನ ಫೋನು ಇಟ್ಟಿದ್ದೇನೆ. ವಿಡಿಯೊವನ್ನು ಬೇರೆ ಎಲ್ಲೂ ಇಳಿಸಿಕೊಂಡಿಲ್ಲ, ಯಾರಿಗೂ ಕಳಿಸಿಲ್ಲ, ಇರುವುದು ಅದೊಂದೇ. ಹದಿನೆಂಟಕ್ಕೆ ಹನ್ನೊಂದು ಗಂಟೆಗೆ ನಾನು ಕೋರ್ಟಿನ ಬಾಗಿಲಲ್ಲಿ ಇರುತ್ತೇನೆ. ಬರುವುದಾದರೆ ಕೂಸನ್ನೂ, ಇಬ್ಬರ ಬಟ್ಟೆಗಳನ್ನೂ, ನಿನ್ನ ನರ್ಸಿಂಗಿನ ಕಾಗದಪತ್ರಗಳನ್ನೂ ತೆಗೆದುಕೊಂಡೇ ಬಾ, ಆ ಸಂಜೆ ನೀನು ಉಮದಿಗೆ ತಿರುಗಿ ಹೋಗುವುದು ಆಗುವುದಿಲ್ಲ. ಬರುವುದಿಲ್ಲವಾದರೆ ಫೋನನ್ನು ಬಾವಿಗೆ ಹಾಕು, ಯಾಕೆ ಬರಲಿಲ್ಲ ಎಂದು ನಾನು ಸಾಯುವವರೆಗೂ ಕೇಳುವುದಿಲ್ಲ, ಮುಂದಿನ ಪಂಚಮಿಗೆ ನಾನೇ ಬಂದು ಕರೆದುಕೊಂಡು ಹೋಗುತ್ತೇನೆ. ಬಾ ಎನ್ನುವುದಿಲ್ಲ, ಬರಬೇಡ ಎಂದೂ ಅನ್ನುವುದಿಲ್ಲ. ಈ ಸಲ ನೀನೇ ಹೇಳು.